ಮೇಜಿನ ಮೇಲಿಟ್ಟ ಭಂಡಾರ

ಠಾಣೆಗೆ ಬಂದವರ ದೂರು ಬರೆದುಕೊಳ್ಳುವುದು ಪೊಲೀಸರ ಕೆಲಸ, ಉಪಕಾರವಲ್ಲ. ಇದು ನಿಮಗೆ ಗೊತ್ತಿರಬೇಕು. ಗೊತ್ತಿದ್ದೂ ಠಾಣೆಯ ಕಟ್ಟೆಯ ಮೇಲೆ ಕೈಮುಗಿದು ಕೂರುತ್ತೀರಿ. ‘ಹಿರ್ಯಾರ ಮುಂದ ಬಗಿಹರಿಸ್ಕೋರಿ ಹೋಗ್ರಿ’ ಎಂದರೆ ತಲೆಯಾಡಿಸಿ ಎದ್ದು ಬರುತ್ತೀರಿ. ಹೀಗೆ ತಲೆಯಾಡಿಸಲು ಒಪ್ಪದ ಒಬ್ಬಳ ಕತೆ ಇದು.

ಹೆಸರು ದಾನಮ್ಮ. ಹುನಗುಂದದ ಹತ್ತಿರದ ಹಳ್ಳಿಯ ಕುರಿಗಾರರ ಮಗಳು, ಮನೆದೇವರು ಬೀರಪ್ಪ. ನವನಗರದ ಹಾಸ್ಟೆಲಿನಲ್ಲಿದ್ದು ಓದಿ ಸಬ್‌ಇನ್‌ಸ್ಪೆಕ್ಟರ್ ಆದಳು. ಬಾದಾಮಿ, ಇಳಕಲ್ಲ ಎಂದು ತಿರುಗಿ, ಆಮೇಲೆ ಎರವಲು ಸೇವೆಯ ಮೇಲೆ ಕೇಂದ್ರದ ತನಿಖಾ ಸಂಸ್ಥೆಗೆ ಹೋದಳು. ಬ್ಯಾಂಕು ಮುಳುಗಿಸಿದ ದೊಡ್ಡ ಮನುಷ್ಯರು ನಾಷ್ಟಾ ಮಾಡುತ್ತ ಕೂತಿರುವಾಗ ವಾರಂಟು ಹಿಡಿದು ಬಾಗಿಲು ಬಡಿಯುವ ಕೆಲಸ. ಅದರಲ್ಲಿ ಪಳಗಿದಳು. ಬಡ್ತಿ ಪಡೆದು ಇನ್‌ಸ್ಪೆಕ್ಟರಾಗಿ ನಮ್ಮ ಜಿಲ್ಲೆಗೆ ಮರಳುವಾಗ ಬೆಂಗಳೂರಿನ ಜೊತೆಯವರು, “ಆ ಬಿಸಿಲಿಗೆ ಯಾಕ್ ಹೋಗ್ತೀರಾ ಮೇಡಂ? ಕುರಿ ಕಳ್ಳರನ್ನ ಹಿಡಿಯೋಕಾ?” ಎಂದು ನಕ್ಕರಂತೆ.

ಅವರು ನಕ್ಕಿದ್ದೇ ಬಂತು. ಅಮೀನಗಡದ ಆಚೆಗಿನ ಒಂದು ಠಾಣೆಗೆ ಆಕೆ ಮುಖ್ಯಸ್ಥೆಯಾಗಿ ಬಂದಳು. ಠಾಣೆಯ ಹೆಸರು ಬರೆಯುವುದಿಲ್ಲ. ಬರೆದರೆ ಉಳಿದ ಠಾಣೆಯವರು ಇದು ತಮ್ಮ ಮಾತಲ್ಲವೆಂದು ಆರಾಮಾಗಿ ಚಹಾ ಕುಡಿಯುತ್ತಾರೆ. ಬಂದ ಹೊಸತರಲ್ಲೇ ತನ್ನೂರಿನವಳೇ ಆದ ಲಗಮವ್ವ ಎಂಬಾಕೆ ಬಾಗಿಲಲ್ಲಿ ಕಂಬಳಿ ಹಾಸಿಕೊಂಡು ಕೂತಿದ್ದು ಕಣ್ಣಿಗೆ ಬಿತ್ತು. ಗಂಡ ಸತ್ತ ಮೇಲೆ ಒಬ್ಬಳೇ ಕುರಿ ಕಾಯುತ್ತಿದ್ದ ಹೆಣ್ಣುಮಗಳು. ಆಕೆಯ ಬದುಕೆಂಬುದೇ ಆ ಕುರಿಗಳು, ಅವು ಕಳುವಾಗಿದ್ದವು. ಹುಡುಕುತ್ತ ಅಮೀನಗಡದ ಸಂತೆಗೆ ಹೋದರೆ ಅವೇ ಕುರಿಗಳು ಅರ್ಜು ಎಂಬವನ ಗೂಡ್ಸ್ ಗಾಡಿಯಲ್ಲಿ ನಿಂತು ಇವಳನ್ನು ನೋಡಿ ಒದರಿದ್ದವು.

“ಮೊದಲ ಯಾಕ ಬರಲಿಲ್ಲವಾ?” ಎಂದಳು ದಾನಮ್ಮ.

“ಬಂದಿದ್ನಿರಿ ಅಕ್ಕಾರ. ಹಿರ್ಯಾರ ಕಡೆ ಹೋಗು ಅಂದ್ರು. ಹಿರ್ಯಾರು ಗುಡಿಗಿ ಬಾ, ಭಂಡಾರ ಎತ್ತು ಅಂದ್ರು.”

ಬೀರಪ್ಪನ ಅರಿಷಿಣ ಪುಡಿಯೇ ಭಂಡಾರ. ಜಗಳ ಬಂದಾಗ ಇಬ್ಬರೂ ಅದನ್ನು ಮುಷ್ಟಿಯಲ್ಲಿ ಎತ್ತಿ ಆಣೆ ಮಾಡಬೇಕು. ಹಿಂದೆ ಸರಿದವನು ಸೋತ.

“ಎತ್ತೂದಲ್ಲೇನಬೇ ಮತ್ತ!” ಎಂದ ಹೆಡ್‌ಕಾನ್‌ಸ್ಟೇಬಲ್ ಶ್ರೀಶೈಲ.

“ಹ್ಯಾಂಗ ಎತ್ತಲೋ ಯಪ್ಪಾ? ಗಾಡ್ಯಾಗಿನ ಎಲ್ಲಾ ಕುರಿ ನನ್ನವ ಅಂತ ಆಣಿ ಮಾಡಂದ್ರು. ಒಂದ ಮರಿ ಮ್ಯಾಲ ನನಗ ಸಂಶೇ ಐತಿ. ಸುಳ್ಳಾದ್ರ ದೇವ್ರು ಬಿಡ್ತಾನೇನು?”

“ಅರ್ಜು?”

“ಅಂವಾ ಚುರಮುರಿ ತಗೊಂಡಾಂಗ ಮುಟಿಗಿ ತುಂಬ ಎತ್ತಿದಾ.”

ಇದನ್ನು ಇನ್ನೊಮ್ಮೆ ಓದಿ. ದೇವರಿಗೆ ಹೆದರುವವಳು ಸೋತಳು, ಹೆದರದವನು ಗೆದ್ದ. ಇದಕ್ಕೆ ನಾವು ನ್ಯಾಯ ಎಂದು ಹೆಸರಿಟ್ಟು ತಲೆತಲಾಂತರದಿಂದ ಮೆರೆಸುತ್ತಿದ್ದೇವೆ. ಭಕ್ತಿಯ ಮೇಲೆ ನನ್ನ ತಕರಾರಿಲ್ಲ. ಇನ್ನೊಬ್ಬರ ಭಕ್ತಿಯನ್ನೇ ಅವರ ಕೊರಳಿಗೆ ಹಗ್ಗ ಮಾಡುವವರ ಮೇಲೆ ತಕರಾರು.

ಶ್ರೀಶೈಲ ದನಿ ತಗ್ಗಿಸಿದ. “ಮೇಡಂ, ಅರ್ಜು ಅಂದ್ರ ಹನಮಂತಪ್ಪನೋರ ಮಗಾ ರೀ. ಹನಮಂತಪ್ಪನೋರು ನಿಮಗ ಕಾಕಾ ಆಗಬೇಕಲ್ರಿ?”

“ಆಗಬೇಕು. ಅದನ್ನೂ ಬರ್ಕೋಬೇಕೇನು?”

ಸುದ್ದಿ ಕುದುರೆಗಿಂತ ಜೋರಾಗಿ ಓಡಿತು. ದೂರಿನ ಮೊದಲ ಸಾಲು ಬರೆಯುವುದರೊಳಗೆ ಹನಮಂತಪ್ಪ ತಾನೇ ಬಂದ. ಪಂಚಾಯಿತಿ ಆಳಿದವನು, ಊರ ಹಿರಿಯ. ಕೈಯಲ್ಲಿ ಹಿತ್ತಾಳೆಯ ತಾಟು, ತಾಟಿನ ತುಂಬ ಭಂಡಾರ. ಅದನ್ನು ತಂದು ಇನ್‌ಸ್ಪೆಕ್ಟರ್ ಮೇಜಿನ ಮೇಲಿಟ್ಟ.

“ಮಗಳ, ದಿಲ್ಲಿ ಸಾಹೇಬ್ರ ಕೂಡ ಕೆಲಸ ಮಾಡಿ ಬಂದೀದಿ, ನಮಗೂ ಹೆಮ್ಮಿ ಐತಿ. ಆದ್ರ ಊರಾಗಿನ ಮಾತ ಊರಾಗ ಇರ್ಲಿ. ಬೇಕಾದ್ರ ಆಕಿ ಕಡೆ ಇಲ್ಲೇ, ನಿನ್ನ ಕಣ್ಣ ಮುಂದ ಎತ್ತಸು.”

ಬೀರಪ್ಪನ ಒಕ್ಕಲಿನ ಮಗಳು ಆ ತಾಟು ಸರಿಸಲಾರಳು ಎಂಬುದು ಅವನ ಲೆಕ್ಕ. ಲೆಕ್ಕ ಅರ್ಧ ಸರಿಯಾಗಿತ್ತು. ದಾನಮ್ಮ ಎದ್ದಳು. ಬೂಟು ಬಿಚ್ಚಿದಳು, ಸಾಕ್ಸು ತೆಗೆದಳು, ತಂಪು ನೆಲದ ಮೇಲೆ ಬರಿಗಾಲಲ್ಲಿ ನಿಂತು ಕೈಮುಗಿದು, ಒಂದು ಚಿಟಿಕೆ ಹಣೆಗೆ ಹಚ್ಚಿಕೊಂಡಳು. ಹನಮಂತಪ್ಪನ ಮುಖ ಅರಳಿತು. ಆಕೆ ಎರಡೂ ಕೈಯಿಂದ ತಾಟು ಎತ್ತಿ ಶ್ರೀಶೈಲನಿಗೆ ಕೊಟ್ಟಳು. “ದೇವರ ಫೋಟೋದ ಮುಂದ ಇಡ್ರಿ.” ಮತ್ತೆ ಕೂತಳು.

“ಲಗಮವ್ವಾ, ಹೇಳ್ರಿ. ಸಂಶೇ ಇದ್ದ ಮರಿ ಸಂಶೇ ಐತಿ ಅಂತಾನ ಬರೀತೇನಿ.”

“ಲೇ ದಾನೀ! ಅದು ದೇವ್ರ ಮುಂದ ತೀರಿದ ನ್ಯಾಯ!”

“ಕಾಕಾ, ದೇವ್ರ ಮುಂದ ಬೂಟ ಬಿಚ್ಚೇನಿ. ನಿನ್ನ ಮುಂದ ಬಿಚ್ಚಿಲ್ಲ.”

ಎಫ್‌ಐಆರ್ ಆಯಿತು. ದೂರಿನ ಪ್ರತಿ ಲಗಮವ್ವನ ಕೈಗೆ ಬಂತು. ಮುಂದಿನದ್ದು ಕೇಂದ್ರದಲ್ಲಿ ಕಲಿತ ವಿದ್ಯೆ: ಯಾರಾದರೂ ಬಾಯಿ ಬಿಡಲೆಂದು ಕಾಯದೆ, ಗಾಡಿ ಎಲ್ಲೆಲ್ಲಿ ಓಡಿತೆಂದು ನೋಡುವುದು. ಲಗಮವ್ವನ ಕುರಿದಡ್ಡಿಯ ದಾರಿಯ ಪೆಟ್ರೋಲ್ ಬಂಕಿನ ಕ್ಯಾಮೆರಾದಲ್ಲಿ ಅರ್ಜುವಿನ ಗಾಡಿ ಹೋಗುವಾಗ ಖಾಲಿ, ಬರುವಾಗ ಭರ್ತಿ. ಸಂತೆಯ ವ್ಯಾಪಾರಿ ಜುಬೇರ, “ನನ್ನ ಕೂಡ ಚೌಕಾಶಿ ಮಾಡಿದವ ಇದ ಅರ್ಜು ರೀ. ಎಲ್ಲಿ ಕರೀತೀರಿ ಅಲ್ಲಿ ಬಂದ್ ಹೇಳ್ತೇನಿ” ಎಂದ. ಕುರಿಗಳು ನ್ಯಾಯಾಲಯದ ಆದೇಶದ ಮೇಲೆ ಲಗಮವ್ವನ ವಶಕ್ಕೆ ಬಂದವು. ಸಂಶಯದ ಮರಿ ಖರೆಯೇ ಆಕೆಯದಾಗಿರಲಿಲ್ಲ. ಪಕ್ಕದ ಊರಿನವರು ಬಂದು ಒಯ್ದರು. ಕೇಸು ಇನ್ನೂ ನಡೆದಿದೆ. ಅರ್ಜು ಜಾಮೀನಿನ ಮೇಲೆ ಬೈಕು ಓಡಿಸುತ್ತಿದ್ದಾನೆ. ಸಿನಿಮಾ ಮುಕ್ತಾಯ ಬೇಕಿದ್ದವರು ಟಾಕೀಸಿಗೆ ಹೋಗಲಿ.

ಹಿರಿಯರು ಸುಮ್ಮನಿರುತ್ತಾರೆಯೇ? ದಾನಮ್ಮನ ಮನೆಗೆ ಭಂಡಾರ ಕೊಡಕೂಡದೆಂದು ಗುಡಿಯಲ್ಲಿ ಕೂತು ಠರಾಯಿಸಿದರು. ಅಮಾವಾಸ್ಯೆಯ ದಿನ ಆಕೆಯ ತಾಯಿ ಶಿವಬಸವ್ವ ಹಣೆ ಒಡ್ಡಿ ನಿಂತಿದ್ದರೆ ಪೂಜಾರಿ ತಾಟನ್ನು ಆಚೆಯವಳಿಗೆ ಹಿಡಿದ. ಮುದುಕಿ ಬರಿ ಹಣೆಯಲ್ಲಿ ಮನೆಗೆ ಬಂದು ಮಗಳಿಗೆ ಫೋನು ಮಾಡಿದಳು.

“ನಿನ್ನ ಕೇಸಿನ ಸಲುವಾಗಿ ನನ್ನ ದೇವ್ರ ಹೋದನಲ್ಲೇ!”

“ದೇವ್ರು ಎಲ್ಲೂ ಹೋಗಿಲ್ಲಬೇ. ತಾಟ ಹಿಡದವ ಹೋಗ್ಯಾನ. ನಾ ಬರ್ತೇನಿ ತಡಿ.”

ಮುಂದಿನ ಅಮಾವಾಸ್ಯೆಗೆ ಬಂದಳು. ಖಾಕಿಯಲ್ಲಲ್ಲ, ಇಳಕಲ್ಲ ಸೀರೆಯಲ್ಲಿ. ಪೂಜಾರಿ ಮತ್ತೆ ಅವರನ್ನು ಬಿಟ್ಟು ತಾಟು ಮುಂದೆ ಹಾಯಿಸಿದ. ದಾನಮ್ಮ ಕೈ ಹಾಕಿ ಮುಷ್ಟಿ ತುಂಬ ಭಂಡಾರ ತೆಗೆದು ತಾಯಿಯ ಹಣೆಗೆ ಮೆತ್ತಿದಳು, ತಾನೂ ಹಚ್ಚಿಕೊಂಡಳು.

“ಪೂಜಾರಪ್ಪಾ, ತಪ್ಪು ಅನಿಸಿದ್ರ ಠಾಣೆಕ್ಕ ಬಂದು ದೂರ ಕೊಡು. ನಿಂದೂ ಬರ್ಕೋತೇನಿ.”

ಯಾರೋ ಹೆಣ್ಣುಮಗಳು ಕಿಸಕ್ಕನೆ ನಕ್ಕಳು. ಆಮೇಲೆ ಸಾಲಿನ ಹಿಂದಿನಿಂದ ಲಗಮವ್ವ ಮುಂದೆ ಬಂದು ತಾನೇ ತಾಟಿಗೆ ಕೈ ಹಾಕಿದಳು.

ದಾನಮ್ಮನನ್ನು ಎತ್ತಂಗಡಿ ಮಾಡಿಸಲು ಓಡಾಟ ನಡೆದಿದೆ. ಇದು ಅಚ್ಚಾಗುವುದರೊಳಗೆ ಆದರೂ ಆದೀತು. ಆಕೆ ಹೋದರೆ ನಮ್ಮ ಗತಿಯೇನೆಂದು ನನ್ನನ್ನು ಕೇಳಬೇಡಿ. ಬರೆದುಕೊಳ್ಳಬೇಕೆಂಬ ಕಾನೂನು ಆಕೆಯ ಜೊತೆ ಟ್ರಂಕಿನಲ್ಲಿ ಹೋಗುವುದಿಲ್ಲ. ನಿಮ್ಮದೇನಾದರೂ ಕಳುವಾದ ದಿನ ಠಾಣೆಗೆ ಹೋಗಿ. ಹಿರಿಯರ ಬಳಿ ಹೋಗು ಎಂದರೆ, ನಾ ಠಾಣೆಗೆ ಬಂದೇನಿ ಎನ್ನಿ. ಕೈಮುಗಿಯಬೇಡಿ. ದೂರಿನ ಪ್ರತಿ ಕೈಗೆ ಬರುವ ತನಕ ಆ ಕಟ್ಟೆ ಬಿಟ್ಟು ಏಳಬೇಡಿ.