ಕಲ್ಲಿನ ಹಿಂದೆ ಅಡಗಿದ್ದ ಮೀನು

ಗೆಳೆಯರೇ, ಇವತ್ತು ನನ್ನ ಕರುಣೆಯಿಂದಲೇ ಒಂದು ಮೀನಿಗೆ ಕೇಡಾಯಿತು. ನಾಸಿಕದ ಹೊಸ ಅಕ್ವೇರಿಯಂನಲ್ಲಿ ಗೋಡೆಯ ತುಂಬ ಡಿಜಿಟಲ್ ಅಲೆಗಳು ಕ್ಷಣಕ್ಕೊಂದು ಬಣ್ಣ ಚೆಲ್ಲುತ್ತಿದ್ದವು. ಆ ಬೆಳಕಿಗೆ ಹೆದರಿದ ಮೀನೊಂದು ತೊಟ್ಟಿಯೊಳಗೆ ಕಲ್ಲಿನ ಹಿಂದೆ ಅಡಗಿತ್ತು. ಅಲ್ಲಿನ ಕೆಲಸಗಾರ ಫೋನಿನಲ್ಲಿ ಕನ್ನಡ ಮಾತಾಡುತ್ತಿದ್ದ. ನಾನು ಧೈರ್ಯ ಮಾಡಿ, "ಲೈಟ್ ಸ್ವಲ್ಪ ಕಮ್ಮಿ ಮಾಡ್ರಿ, ಪಾಪ, ಮೀನು ಅಡಗಿ ಕೂತದ" ಎಂದೆ.

"ನಮ್ಮ ಕಡೆಯವರೇನ್ರಿ ಅಕ್ಕಾರ! ನಾ ಸಿಂದಗಿಯಾಂವ. ಲೈಟ್ ಎಲ್ಲಾ ಕಂಪ್ಯೂಟರ್ ಕೈಯಾಗ ಅದರೀ. ಮೀನ ಕಾಣವಲ್ತೇನು? ತಡೀರಿ, ನಿಮ್ಮ ಸಲುವಾಗಿ!" ಎಂದವನೇ ಕೋಲು ತಂದು ಕಲ್ಲನ್ನು ಮೂಲೆಗೆ ತಳ್ಳಿದ.

"ಅಯ್ಯೋ, ಮತ್ತ ಅಲ್ಲೇ ಇಡ್ರಿ!"

"ಇರ್ಲಿ ಬಿಡ್ರಿ, ಇನ್ಮ್ಯಾಲೆ ಎಲ್ಲಾರಿಗೂ ಕಾಣಸ್ತದ."

ಮರೆಯಿಲ್ಲದ ಮೀನು ಗಾಜಿನುದ್ದಕ್ಕೂ ಒದ್ದಾಡಿತು. ಜನ ಮೊಬೈಲ್ ಎತ್ತಿದರು. ಹೊರಡುವಾಗ ಅಭಿಪ್ರಾಯದ ಪುಸ್ತಕದಲ್ಲಿ 'ಸಿಬ್ಬಂದಿ ಬಹಳ ಒಳ್ಳೆಯವರು' ಎಂದು ಬರೆದು ಬಂದೆ. ಸುಳ್ಳೇನೂ ಅಲ್ಲ.