ಅಟ್ಟದ ರಾಜ್ಯದ ಪಂಚಾಂಗ

ನಮ್ಮ ಮನೆಯಲ್ಲಿ ಗೋಡೆಗೆ ನೇತುಹಾಕಿದ ಪಂಚಾಂಗಕ್ಕಿದ್ದ ಮರ್ಯಾದೆ ಮನುಷ್ಯರಿಗೆ ಇರಲಿಲ್ಲ. ಮಂಗಳವಾರ ಉಗುರು ಕತ್ತರಿಸುವಂತಿಲ್ಲ, ರಾಹುಕಾಲದಲ್ಲಿ ಹೊಸಿಲು ದಾಟುವಂತಿಲ್ಲ, ಆಷಾಢದಲ್ಲಿ ಮದುವೆಯ ಮಾತೆತ್ತುವಂತಿಲ್ಲ. ಉಳಿದ ಹನ್ನೊಂದು ತಿಂಗಳೂ ಅದೇ ಮಾತು, ಅದು ಬೇರೆ. ಹುಡುಗಿ ಓದಲು ಕೂರುವುದಕ್ಕೆ ಮಾತ್ರ ಅದರಲ್ಲಿ ಒಂದೇ ಒಂದು ಶುಭ ಗಳಿಗೆ ಇರಲಿಲ್ಲ. ನಾನು ಪುಸ್ತಕ ತೆಗೆದರೆ ಸಾಕು, ನಮ್ಮಜ್ಜಿಗೆ ಎಲ್ಲಿಲ್ಲದ ಬೆನ್ನುನೋವು ಬರುತ್ತಿತ್ತು.

ಇದರಿಂದ ರೋಸಿಹೋಗಿ, ಸೆಕೆಂಡ್ ಪಿಯುಸಿಯಲ್ಲಿದ್ದಾಗ ನಾನೇ ಒಂದು ಪಂಚಾಂಗ ಕಟ್ಟಿದೆ. ಪಂಚಾಂಗವೆಂದ ಮೇಲೆ ಅದು ನಡೆಯುವುದಕ್ಕೊಂದು ರಾಜ್ಯ ಬೇಕಲ್ಲ, ಅದನ್ನೂ ಕಟ್ಟಿದೆ. ರಾಜ್ಯ ಇದ್ದದ್ದು ನಮ್ಮ ಅಟ್ಟದ ಮೇಲೆ. ಪ್ರಜೆಗಳೆಲ್ಲ ತೆಂಗಿನಕಾಯಿಗಳು. ರಾಣಿ ಯಾರೆಂದು ಬೇರೆ ಹೇಳಬೇಕಾಗಿಲ್ಲ.

ತಿಪಟೂರು ಸೀಮೆಯಲ್ಲಿ ಕೊಬ್ಬರಿ ಆಗುವುದೇ ಅಟ್ಟದ ಮೇಲೆ. ಬಲಿತ ಕಾಯಿಯನ್ನು ಹೊರಗಿನ ನಾರಿನ ಮಟ್ಟೆ ಸಮೇತ ಮೇಲೇರಿಸಿ, ಹೆಚ್ಚುಕಡಿಮೆ ಒಂದು ವರ್ಷ ಸುಮ್ಮನೆ ಬಿಡುತ್ತಾರೆ. ಒಳಗಿನ ನೀರು ತಾನಾಗಿ ಆರಿ, ತಿರುಳು ಒಣಗಿ ಉಂಡೆಯಾಗಿ ಚಿಪ್ಪಿನಿಂದ ಬಿಟ್ಟುಕೊಳ್ಳಬೇಕು. ಆಗಿದೆಯೋ ಇಲ್ಲವೋ ಎಂದು ನೋಡಲು ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸುತ್ತಾರೆ. ನಮ್ಮ ಊರಲ್ಲಿ ಅಟ್ಟದ ಕಾಯಿ ಹೇಳಿದ್ದನ್ನು ಕೇಳುವಷ್ಟು ತಾಳ್ಮೆಯಿಂದ ಮಕ್ಕಳು ಹೇಳಿದ್ದನ್ನು ಕೇಳಿದವರನ್ನು ನಾನು ಕಂಡಿಲ್ಲ.

ಹಾಗಾಗಿ ನನ್ನ ಪಂಚಾಂಗದಲ್ಲಿ ಕಾಯಿಯ ಸದ್ದೇ ತಿಂಗಳು. ಕಾಯಿ ಅಟ್ಟ ಹತ್ತಿದಾಗ ಗುಳುಗುಳು ಮಾಸ, ನೀರು ಇಂಗುತ್ತ ಬಂದಾಗ ಪಿಸುಮಾತಿನ ಮಾಸ, ಏನೂ ಕೇಳಿಸದೆ ಇದ್ದಾಗ ಮೌನ ಮಾಸ, ಉಂಡೆ ಬಿಟ್ಟುಕೊಂಡ ಮೇಲೆ ಗಡಗಡ ಮಾಸ. ಅಲ್ಲಿಗೆ ವರ್ಷ ಮುಗಿಯಿತು. ಕೆಳಗೆ ಅಮ್ಮ ಒಲೆ ಹಚ್ಚಿ ಹೊಗೆ ಮೇಲೆ ಬಂದರೆ ಗ್ರಹಣ. ಯಾರಾದರೂ ನನ್ನ ಹೆಸರು ಹಿಡಿದು ಕೂಗಿದರೆ ರಾಹುಕಾಲ. ನೆಂಟರು ಬರುವ ವಾರವನ್ನೇ ತೆಗೆದುಹಾಕಿದ್ದೆ. ರಾಣಿಗೆ ಮನಸ್ಸು ಬಂದಾಗೆಲ್ಲ ಅಧಿಕ ಮಾಸ. ಇಷ್ಟನ್ನೂ ಇದ್ದಿಲಿನಲ್ಲಿ ಹಿಂದಿನ ಗೋಡೆಯ ಮೇಲೆ ಬರೆದಿಟ್ಟಿದ್ದೆ. ಆಸ್ಥಾನ ಜೋಯಿಸರ ಖರ್ಚೂ ಉಳಿಯಿತು.

ಆಟವಾಗಿದ್ದದ್ದು ಆಟವಾಗಿಯೇ ಇರುತ್ತಿತ್ತೇನೋ. ಅಷ್ಟರಲ್ಲಿ ಅಮ್ಮಸಂದ್ರದ ಕಡೆಯ ಒಂದು ಸಂಬಂಧ ಬಂತು. ಗಂಡಿಗೆ ಅವಸರವಿತ್ತೋ ಇಲ್ಲವೋ, ಅವನ ಸೋದರಮಾವನಿಗೆ ವಿಪರೀತ ಅವಸರ. ಮದುವೆ ಮಾಘದಲ್ಲೇ ಆಗಬೇಕಂತೆ. ನನ್ನ ಪರೀಕ್ಷೆ ಇದ್ದದ್ದು ಮಾಘ ಕಳೆದ ಮೇಲೆ. ಮದುವೆಯಾದವಳು ಪರೀಕ್ಷೆಗೆ ಬಂದು ಕೂತ ಉದಾಹರಣೆ ನಮ್ಮ ಊರಲ್ಲಿ ಇರಲಿಲ್ಲ. ನನಗೋ ಪರೀಕ್ಷೆ ಮುಗಿಸಿ ಡಿಗ್ರಿಗೆ ಸೇರಬೇಕಿತ್ತು. ಅದನ್ನು ಹೇಳಿದ್ದಕ್ಕೆ ಅಜ್ಜಿ, "ಡಿಗ್ರಿ ಓದಿ ಯಾವ ದೇಸ ಆಳ್ಬೇಕಾಗೈತೆ?" ಎಂದಿದ್ದಳು. ಆಳುತ್ತಿದ್ದ ರಾಣಿ ಬಾಯಿ ಮುಚ್ಚಿಕೊಂಡು ಮೇಲೆ ಹೋದಳು.

ಗಂಡಿನ ಕಡೆಯವರಿಗೆ ಅಪ್ಪ ಕೊಟ್ಟದ್ದು ಒಂದೇ ಮಾತು: "ಅಟ್ಟ ಇಳೀಲಿ, ಮದುವೆ ಮಾಡಾನ." ನಮ್ಮ ಕಡೆ ಮನೆ ಕಟ್ಟುವುದಾಗಲಿ, ಮದುವೆ ಮಾಡುವುದಾಗಲಿ, ಅಟ್ಟದ ಕೊಬ್ಬರಿ ಇಳಿದ ಮೇಲೆಯೇ. ಅಂದರೆ ನನ್ನ ರಾಜ್ಯದಲ್ಲಿ ವರ್ಷ ಮುಗಿದ ದಿನ ನನ್ನ ಓದೂ ಮುಗಿಯುತ್ತಿತ್ತು. ಎಂಥ ಚಂದದ ಪಂಚಾಂಗ ಕಟ್ಟಿಕೊಂಡೆನಪ್ಪಾ ಎಂದು ನನ್ನನ್ನೇ ಬೈದುಕೊಂಡೆ.

ಅಪ್ಪನಿಗೆ ಮಂಡಿನೋವು. ಏಣಿಯ ತುದಿಯಲ್ಲೇ ನಿಂತು, ಮುಂದಿನ ಸಾಲಿನಲ್ಲಿ ಕೈಗೆ ಸಿಕ್ಕ ಕಾಯಿ ಅಲ್ಲಾಡಿಸಿ ಇಳಿದುಬಿಡುತ್ತಿದ್ದರು. ತೋಟದಲ್ಲಿ ತಾನಾಗಿ ಉದುರಿದ ಕಾಯಿಗೆ ಮಟ್ಟೆ ಒಣಗಿ ಕಂದು ಬಣ್ಣಕ್ಕೆ ತಿರುಗಿದ್ದರೂ ಒಳಗೆ ನೀರು ತುಂಬಿರುತ್ತದೆ. ಅಂಥವನ್ನು ಆರಿಸಿ ತಂದು ಮುಂದಿನ ಸಾಲಿಗೆ ಜೋಡಿಸಿದೆ. ವರ್ಷ ಕಳೆದ ಹಳೇ ಪ್ರಜೆಗಳನ್ನು ಹಿಂದಕ್ಕೆ ತಳ್ಳಿದೆ. ಅಪ್ಪ ಬಂದು ಅಲ್ಲಾಡಿಸಿದರೆ ಗುಳುಗುಳು. "ಇನ್ನೂ ನೀರೈತಲ್ಲ," ಎಂದು ಮಳೆಗಾಲವನ್ನು ಬೈದು ಇಳಿದರು. ಆಮೇಲೊಮ್ಮೆ ಬಂದಾಗ ಒಲೆಯ ಬಿಸಿ ಮೇಲಕ್ಕೇ ಬರುತ್ತಿಲ್ಲವೆಂದು ಹಸಿ ಸೌದೆಯನ್ನು ಬೈದರು. ನನ್ನ ಅಧಿಕ ಮಾಸ ಸಲೀಸಾಗಿ ನಡೆಯಿತು.

ಮಾಘ ಹತ್ತಿರ ಬಂದಾಗ ಆ ಸೋದರಮಾವ ನೊಣವಿನಕೆರೆ ಬಸ್ಸಿಳಿದು ಬಂದೇಬಿಟ್ಟ. ನಾನು ಅಟ್ಟದ ಮೇಲೆ ಓದುತ್ತ ಕೂತಿದ್ದೆ. ಪಡಸಾಲೆಯಿಂದ ಅವನ ಮಾತು ಕೇಳಿಸಿತು. "ಅದೆಂಥ ಕಾಯ್ರೀ ನಿಮ್ದು? ಊರೋರ ಅಟ್ಟ ಎಲ್ಲ ಇಳೀತು. ನಾನೇ ಹತ್ತಿ ನೋಡ್ಲಾ?"

"ನೀವ್ಯಾಕೆ ಸ್ವಾಮಿ, ನಾನೇ ನೋಡ್ತೀನಿ," ಎಂದು ಅಪ್ಪ ಏಣಿ ಹತ್ತಿದರು. ಆವತ್ತು ತುದಿಯಲ್ಲಿ ನಿಲ್ಲಲಿಲ್ಲ. ಮಂಡಿ ಹಿಡಿದುಕೊಂಡು ಒಳಕ್ಕೇ ಬಂದರು. ನೆಟ್ಟಗೆ ಹಿಂದಿನ ಸಾಲಿಗೆ ಹೋಗಿ, ಒಂದು ಹಳೇ ಕಾಯಿ ಎತ್ತಿ ಕಿವಿಗೆ ಹಿಡಿದು ಮೆಲ್ಲಗೆ ಅಲ್ಲಾಡಿಸಿದರು. ಗಡಗಡ. ನಾನು ಪುಸ್ತಕ ಮುಚ್ಚಿದೆ.

ಅಪ್ಪ ನನ್ನ ಮುಖ ನೋಡಿದರು. ಆಮೇಲೆ ಗೋಡೆಯ ಮೇಲಿನ ಇದ್ದಿಲ ಬರಹವನ್ನು, ಒಂದು ಸಾಲೂ ಬಿಡದೆ, ತುಟಿ ಅಲ್ಲಾಡಿಸುತ್ತ ಓದಿದರು. ಕೈಯಲ್ಲಿದ್ದ ಕಾಯಿಯನ್ನು ಸದ್ದಾಗದಂತೆ ಅದರ ಜಾಗದಲ್ಲೇ ಇಟ್ಟರು. ಮುಂದಿನ ಸಾಲಿಗೆ ಬಂದು ನನ್ನ ಉದುರುಗಾಯಿ ಒಂದನ್ನು ಎತ್ತಿಕೊಂಡು, ಏಣಿಯ ಬಾಯಿಗೆ ಬಗ್ಗಿ, ಜೋರಾಗಿ ಅಲ್ಲಾಡಿಸಿದರು.

"ಕೇಳುಸ್ತೇನ್ರೀ? ನೀರೈತೆ. ಈ ಮಾಘಕ್ಕೆ ಅಟ್ಟ ಇಳಿಯಾಕಿಲ್ಲ. ನಿಮ್ಗೆ ಅವಸರ ಇದ್ರೆ ಬ್ಯಾರೆ ಕಡೆ ನೋಡ್ಕಳಿ."

ಅಪ್ಪನ ಕೈಗೆ ಕಾಯಿಯ ತೂಕ ತಿಳಿಯದೆ ಹೋಗುವುದುಂಟೇ, ಮೊದಲ ದಿನದಿಂದಲೂ ಅವರಿಗೆ ಗೊತ್ತಿತ್ತು ಎಂಬುದು ನನಗೆ ಆಗ ಹೊಳೆಯಿತು. ಬೈದದ್ದೆಲ್ಲ ಮಳೆಯನ್ನು, ಸೌದೆಯನ್ನು. ನನ್ನನ್ನಲ್ಲ.

ಅಪ್ಪ ಏಣಿಯ ಮೇಲೆ ಕಾಲಿಟ್ಟವರು ಗೋಡೆಯ ಕಡೆ ತಿರುಗಿ ತಗ್ಗಿದ ದನಿಯಲ್ಲಿ ಕೇಳಿದರು: "ಡಿಗ್ರಿ ಎಷ್ಟು ವರ್ಸ ಕಣವ್ವ?"

"ಮೂರು."

"ಹಂಗಾದ್ರೆ ಅಧಿಕ ಮಾಸ ಒಂದಿಷ್ಟು ಜಾಸ್ತೀನೇ ಹಾಕ್ಕೊಂಡ್ಬುಡು."