ನಗೆಗೆ ಬಿಟ್ಟ ಜಾಗ

ಜಪಾನಿನ ಸೆಂಡಾಯ್‌ನಲ್ಲಿ ನಾವಿದ್ದ ಬೀದಿಯ ಧ್ವನಿವರ್ಧಕದಲ್ಲಿ ಸಂಜೆಯಾಗುತ್ತಲೇ ಒಂದು ರಾಗ ಬರುತ್ತಿತ್ತು. ಆಡುವ ಮಕ್ಕಳು ಮನೆಗೆ ಹೋಗಲಿ ಎಂದು ಊರಿಗೆಲ್ಲ ಕೇಳಿಸುವ ರಾಗ. ಅದು ಕೇಳಿದೊಡನೆ ನಾನು ಕಾಫಿ ಲೋಟ ತೊಳೆದು ಬೋರಲು ಹಾಕಿ, ಮಾಸ್ಕ್ ಕಟ್ಟಿಕೊಂಡು ನಡಿಗೆಗೆ ಹೊರಡುತ್ತಿದ್ದೆ. ನಾಟಕ ಕಂಪನಿಯಲ್ಲಿ ಹುಟ್ಟಿ ಬೆಳೆದವನಿಗೆ ಗಂಟೆ ಇಲ್ಲದ ದಿನ ದಿನವೇ ಅಲ್ಲ. ಅಲ್ಲಿ ಏಳಲು ಗಂಟೆ, ಸ್ವರ ಸಾಧನೆಗೆ ಗಂಟೆ, ಊಟಕ್ಕೆ ಗಂಟೆ, ಬಣ್ಣ ಹಚ್ಚಲು ಗಂಟೆ. ನನ್ನ ತಂದೆ ಕಂಪನಿಯಲ್ಲಿ ಹಾರ್ಮೋನಿಯಂ ನುಡಿಸುವ ಪೇಟಿ ಮಾಸ್ತರರು. ನಾನು ಮೀಸೆ ಮೂಡುವವರೆಗೆ ಬಾಲಪಾತ್ರ ಮಾಡಿ, ಆಮೇಲೆ ಶಾಲೆಯಲ್ಲಿ ಸಂಗೀತದ ಮೇಷ್ಟ್ರಾದೆ.

ಮಗಳ ಮನೆಗೆ ಚೆರ್ರಿ ಹೂವು ನೋಡಲು ಬಂದವನು ನಾನು. ಕೊರೋನಾ ಬಂತು, ವಿಮಾನ ನಿಂತಿತು, ಮರುವರ್ಷದ ಹೂವನ್ನೂ ನೋಡಿದೆ.

ಮಗಳು ಅಲ್ಲಿನ ವಿಶ್ವವಿದ್ಯಾಲಯದಲ್ಲಿ ಸಂಶೋಧಕಿ. ಸರ್ವಾಧಿಕಾರಿಗಳ ಕಾಲದಲ್ಲಿ ಜನರನ್ನು ನಗಿಸಲು ತೆಗೆದ ಸಿನಿಮಾಗಳು ಅವಳ ವಿಷಯ. ಅವಳ ಪುಸ್ತಕದ ನಡುಮಧ್ಯೆ ಇದ್ದದ್ದು ಸ್ಪೇನ್ ದೇಶವನ್ನು ಸೇನಾಪತಿಯೊಬ್ಬ ಆಳುತ್ತಿದ್ದಾಗ ತಯಾರಾದ ಒಂದು ಕಪ್ಪು ಬಿಳುಪು ಚಿತ್ರ. ಹಳೆಯ ಕಾಲದ ಒಬ್ಬ ರಾಜ, ಅವನಿಗೆ ಕೂದಲಿನ ಟೋಪನ್ ಮಾಡಿಕೊಡುವ ಕುಶಾಲಿನ ಮನುಷ್ಯ, ಅರಮನೆ ತುಂಬ ಹಾಡು ಕುಣಿತ. ಆಳುವವನನ್ನು ಹೊಗಳಲು ಮಾಡಿದ ಚಿತ್ರವೋ, ಗೇಲಿ ಮಾಡಲು ಮಾಡಿದ್ದೋ? ಹೊಗಳಿಕೆ ಎಂದು ಅವಳ ಪ್ರೊಫೆಸರು, ಗೇಲಿ ಎಂದು ಅವಳು. ಸೆನ್ಸಾರಿನವರು ಗೀಚಿದ ಚಿತ್ರಕಥೆ ಆ ದೇಶದ ಸಂಗ್ರಹಾಲಯದಲ್ಲಿತ್ತು. ಹೋಗಿ ನೋಡೋಣವೆಂದರೆ, ಜಪಾನ್ ಬಿಟ್ಟವರನ್ನು ಮತ್ತೆ ಒಳಗೆ ಬಿಡುವ ಭರವಸೆ ಇರಲಿಲ್ಲ. ಆಧಾರವಿಲ್ಲದಿದ್ದರೆ ಈ ಚಿತ್ರವನ್ನು ಬಿಟ್ಟುಬಿಡಿ, ವಿಭಾಗದಲ್ಲಿ ಪ್ರದರ್ಶನ ಮುಗಿದ ಮೇಲೆ ತೀರ್ಮಾನ ಮಾಡೋಣ ಎಂದು ಪ್ರೊಫೆಸರು ಹೇಳಿದ್ದರು. ಬಿಟ್ಟರೆ ಪುಸ್ತಕದ ಹೊಟ್ಟೆಯೇ ಖಾಲಿ.

ಅವಳ ಚಿಂತೆ ಅವಳಿಗೆ. ನನಗೆ ಮಾತ್ರ ಕುತೂಹಲ ಹತ್ತಿತು. ದಿನವೂ ಊಟವಾದ ಮೇಲೆ ಆ ಚಿತ್ರ ಹಾಕಿಕೊಂಡು ಕೂರತೊಡಗಿದೆ.

"ಅಪ್ಪಾ, ಮತ್ತೆ ಅದೇನಾ? ಅವರ ಸ್ಪ್ಯಾನಿಷ್ ನಿಮಗೆ ಬರಲ್ಲ, ಕೆಳಗೆ ಬರೋ ಜಪಾನೀಸ್ ಓದಕ್ಕಾಗಲ್ಲ."

"ನಮ್ಮ ನಾಟಕದಲ್ಲಿ ಹಿಂದೆ ಚಾಪೆ ಮೇಲೆ ಕೂತೋರಿಗೆ ಎಲ್ಲಮ್ಮ ಮಾತು ಕೇಳಿಸ್ತಿತ್ತು? ಅವರು ನಗ್ತಿರಲಿಲ್ವಾ?"

"ಸರಿ, ಹೆಡ್‌ಫೋನ್ ಆದ್ರೂ ಹಾಕ್ಕೊಳಿ. ಪಕ್ಕದ ಮನೆ ಅಜ್ಜಿ ಬೆಳಿಗ್ಗೆ ಕಸ ಹಾಕೋವಾಗ ನಿಮ್ಮ ರಾಜನ ಹಾಡು ಗುನುಗ್ತಿದ್ರು. ನಾನೇ ಹೋಗಿ ಸುಮಿಮಾಸೆನ್ ಅಂತ ಕ್ಷಮೆ ಕೇಳಿದೆ."

"ಶ್ರುತಿ ಸರಿಯಾಗಿತ್ತಾ?"

ಅವಳು ಲ್ಯಾಪ್‌ಟಾಪಿಗೆ ತಿರುಗಿದಳು.

ಮಾತು ತಿಳಿಯದವನಿಗೆ ಉಳಿಯುವುದು ಲಯ ಮಾತ್ರ. ಹಾಗಾಗಿಯೇ ಒಂದು ಕಡೆ ನನ್ನ ಕಿವಿ ನಿಂತಿತು. ರಾಜ ಹೊಸ ಟೋಪನ್ ಇಟ್ಟುಕೊಂಡು ಕನ್ನಡಿ ನೋಡುತ್ತಾನೆ. ತಿರುಗಿ, "ಹೇಗೆ ಕಾಣಿಸುತ್ತೇನೆ? ನಿಜ ಹೇಳಿ" ಎನ್ನುತ್ತಾನೆ. ಅರ್ಥ ಹೇಳಿದವಳು ಮಗಳು. ಆಮೇಲೆ ಯಾರೂ ಮಾತಾಡುವುದಿಲ್ಲ. ಆಸ್ಥಾನದವರೆಲ್ಲ ಬೊಂಬೆಗಳಂತೆ ನಿಂತಿರುತ್ತಾರೆ. ಹಿಂದೆ ವಾದ್ಯ ಮೆಲ್ಲಗೆ ನಡೆಯುತ್ತಿರುತ್ತದೆ. ಬಹಳ ಹೊತ್ತಾದ ಮೇಲೆ ರಾಜ ಹಾಡು ಎತ್ತಿಕೊಳ್ಳುತ್ತಾನೆ.

ಹೀಗೆ ನಿಲ್ಲುವುದು ನನಗೆ ಗೊತ್ತಿತ್ತು. ಹಾಸ್ಯದ ಪಾತ್ರಧಾರಿ ಮಾತು ಒಗೆದ ಮೇಲೆ ಉಳಿದವರು ಬಾಯಿ ತೆರೆಯಬಾರದು. ಜನ ನಕ್ಕು ಮುಗಿಸುವವರೆಗೆ ಪೇಟಿ ಮಾತ್ರ ಗುಂಯ್‌ಗುಡುತ್ತಿರಬೇಕು. "ನಗೆಗೆ ಜಾಗ ಬಿಡ್ರೋ" ಎಂದು ನಮ್ಮ ಯಜಮಾನರು ತಾಲೀಮಿನಲ್ಲಿ ಬೆತ್ತ ಕುಟ್ಟುತ್ತಿದ್ದರು.

"ಇಲ್ಲಿ ಒಂದು ಜೋಕ್ ಇತ್ತು," ಎಂದೆ ಮಗಳಿಗೆ. "ಟೋಪನ್‌ನವನು ಏನೋ ಅಂದಿದಾನೆ. ಅದನ್ನ ಕತ್ತರಿಸಿದಾರೆ. ಜಾಗ ಹಾಗೇ ಉಳಿದಿದೆ."

ಅವಳು ಕುರ್ಚಿ ಎಳೆದುಕೊಂಡು ನನ್ನ ಪಕ್ಕ ಬಂದು ಕೂತಳು. ಅಷ್ಟು ಬೆಳಕು ಅವಳ ಮುಖದಲ್ಲಿ ನೋಡಿ ಬಹಳ ದಿನವಾಗಿತ್ತು. ಆ ಭಾಗವನ್ನು ಹಿಂದೆ ಮುಂದೆ ಎಳೆದು, ನಿಧಾನ ಮಾಡಿ, ದೊಡ್ಡದು ಮಾಡಿ ನೋಡಿದಳು. ಕೊನೆಗೆ ಕೈಚೆಲ್ಲಿದಳು.

"ಇಲ್ಲ ಅಪ್ಪಾ. ಕಟ್ ಇಲ್ಲ. ಪಿಕ್ಚರ್ ಎಲ್ಲೂ ಜಂಪ್ ಆಗಲ್ಲ."

ನಾನು ತೊಡೆಯ ಮೇಲೆ ತಾಳ ಹಾಕಿ ಪರೀಕ್ಷಿಸಿದೆ. ವಾದ್ಯವೂ ಎಲ್ಲಿಯೂ ತಪ್ಪಿರಲಿಲ್ಲ. ಕತ್ತರಿ ಬಿದ್ದಿದ್ದರೆ ತಾಳ ಕುಂಟಬೇಕಿತ್ತು. ನನ್ನ ಊಹೆ ಬಿದ್ದುಹೋಯಿತು. ಮಗಳು ಎದ್ದು ಅಕ್ಕಿ ತೊಳೆಯಲು ಹೋದಳು. ಜೋಕೇ ಇಲ್ಲದ ಕಡೆ ನಗೆಗೆ ಜಾಗ ಏಕೆ ಬಿಟ್ಟರು? ಆ ಪ್ರಶ್ನೆ ನಡಿಗೆಯುದ್ದಕ್ಕೂ ನನ್ನ ಜೊತೆ ಬಂತು.

ಪ್ರದರ್ಶನದ ದಿನ ಪಕ್ಕದ ಮನೆಯ ಅಜ್ಜಿಯೂ ಬಂದರು. ಹಾಡು ಪೂರ್ತಿ ಕೇಳಬೇಕಂತೆ. ಸಭಾಂಗಣದಲ್ಲಿ ಕುರ್ಚಿ ಬಿಟ್ಟು ಕುರ್ಚಿಗೆ ಕಾಗದ ಅಂಟಿಸಿದ್ದರು, ಕೂರಬಾರದು ಎಂದು. ಚಿತ್ರ ನಡೆಯುವಾಗ ದನಿ ಮಾಡಬೇಡಿ ಎಂದು ಬಾಗಿಲಲ್ಲೇ ಕೈಮುಗಿದು ಹೇಳಿದರು. ಮಾಸ್ಕ್‌ಗಳ ಸಾಲು ಹಾಡಿಗೂ ಕುಣಿತಕ್ಕೂ ಅಲುಗಲಿಲ್ಲ. ಮುಂದಿನ ಸಾಲಿನಲ್ಲಿ ಮಗಳ ಹೆಗಲು ಬಿಗಿಯಾಗಿತ್ತು.

ರಾಜ ತಿರುಗಿದ. ಕೇಳಿದ. ಆಸ್ಥಾನ ಬೊಂಬೆಯಾಯಿತು. ಸಭಾಂಗಣವೂ ಸುಮ್ಮನಿತ್ತು. ಆಗ ನನ್ನ ಪಕ್ಕದ ಖಾಲಿ ಕುರ್ಚಿಯ ಆಚೆಯಿಂದ ಮಾಸ್ಕಿನೊಳಗೇ ಒಂದು "ಫುಕ್" ಕೇಳಿಸಿತು. ಅಜ್ಜಿ! ಬಾಯಿಗೆ ಕೈ ಅಡ್ಡ ಹಿಡಿದು "ಸುಮಿಮಾಸೆನ್" ಎಂದರು. ಅದನ್ನು ಹೇಳುತ್ತಲೇ ಮತ್ತೆ ನಕ್ಕರು. ಹಿಂದಿನಿಂದ ಇನ್ನೊಂದು ನಗೆ. ಆಮೇಲೆ ಹೆಗಲುಗಳೆಲ್ಲ ಕುಲುಕತೊಡಗಿದವು. ನಗೆ ಏರಿ ಇಳಿದು ತಣ್ಣಗಾಗುವುದಕ್ಕೂ ರಾಜ ಹಾಡು ಎತ್ತುವುದಕ್ಕೂ ಸರಿಹೋಯಿತು. ಒಂದು ಸ್ವರವೂ ನಗೆಯಲ್ಲಿ ಮುಳುಗಲಿಲ್ಲ. ಜಾಗವನ್ನು ಅಳತೆ ಮಾಡಿಯೇ ಬಿಟ್ಟಿದ್ದರು.

ಚಿತ್ರ ಮುಗಿದ ಮೇಲೆ ಮಗಳು ವೇದಿಕೆಗೆ ಹೋದಳು. ಬರೆದು ತಂದ ಭಾಷಣವನ್ನು ಬಿಡಿಸಲೇ ಇಲ್ಲ. ನೇರವಾಗಿ ಅಜ್ಜಿಯ ಕಡೆ ನೋಡಿ ಜಪಾನಿಯಲ್ಲಿ ಏನೋ ಕೇಳಿದಳು. ಅಜ್ಜಿ ಎದ್ದು ನಿಂತು, ತಲೆ ಬಾಗಿಸಿ, ಒಂದೇ ಮಾತು ಹೇಳಿ ಕೂತರು. ಮಗಳು ಅಲ್ಲಿಂದಲೇ ನನಗೆ ಕನ್ನಡದಲ್ಲಿ ಕೂಗಿದಳು:

"ಅಪ್ಪಾ, ಯಾಕೆ ನಕ್ಕಿದ್ದು ಅಂದ್ರೆ, 'ನಿಜ ಹೇಳಿ ಅಂದ್ರೂ ಯಾರೂ ಹೇಳಲೇ ಇಲ್ವಲ್ಲ' ಅಂತಾರೆ!"

ಅಷ್ಟೇ. ಅಲ್ಲಿ ಆಡದ ಮಾತೇ ಜೋಕು. ಸೆನ್ಸಾರಿನವನು ಕತ್ತರಿಸಬೇಕೆಂದರೂ ಅವನ ಕೈಗೆ ಸಿಗುವಂಥದ್ದು ಏನಿತ್ತು? ನಾನು ಕಳೆದುಹೋದ ಮಾತೊಂದನ್ನು ಹುಡುಕುತ್ತ ದಿನ ಕಳೆದಿದ್ದೆ.

ಪ್ರೊಫೆಸರು ಗದ್ದ ಹಿಡಿದು ಕೂತಿದ್ದರು. ಮಗಳು ಅವರನ್ನೇ ನೋಡುತ್ತಿದ್ದಳು. ಅವರು ಏನನ್ನೂ ಒಪ್ಪಲಿಲ್ಲ, ತಳ್ಳಿಹಾಕಲೂ ಇಲ್ಲ. ಒಂದು ಬೆರಳು ಎತ್ತಿ "ಮೋ ಇಚಿದೋ" ಎಂದರು. ಆ ಮಾತು ನನಗೂ ಬರುತ್ತಿತ್ತು. ಕೊಂಬಿನಿ ಅಂಗಡಿಯಲ್ಲಿ ದಿನವೂ ನಾನು ಕೇಳುತ್ತಿದ್ದದ್ದು ಅದನ್ನೇ, ಇನ್ನೊಂದು ಸಲ ಹೇಳಿ ಎಂದು. ನಮ್ಮ ಕಂಪನಿಯ ಜನ ಇದನ್ನೇ "ಒನ್ಸ್ ಮೋರ್" ಎಂದು ಟೆಂಟು ಹಾರುವಂತೆ ಕೂಗುತ್ತಿದ್ದರು.

ಮಗಳು ಚಿತ್ರವನ್ನು ಹಿಂದಕ್ಕೆ ಓಡಿಸಿದಳು. ಅವಸರದಲ್ಲಿ ಬಹಳ ಹಿಂದಕ್ಕೆ ಹೋಗಿ, ಇಡೀ ಹಾಡು ಮೊದಲಿನಿಂದ ಬಂತು. ಯಾರೂ ನಿಲ್ಲಿಸು ಅನ್ನಲಿಲ್ಲ. ಅಜ್ಜಿ ಗುನುಗುತ್ತಿದ್ದರು. ಶ್ರುತಿ ಸರಿಯಾಗಿಯೇ ಇತ್ತು.